ತೇಲುವ ಬೆಟ್ಟಗಳ ಅಂಚಿನಲ್ಲಿ

2009ರ ‘ಅವತಾರ್’ ಚಿತ್ರದ ಪಂಡೋರಾ ಲೋಕದಲ್ಲಿ ಗಾಳಿಯಲ್ಲಿ ತೇಲುವ ಹಲ್ಲೆಲೂಯ ಬೆಟ್ಟಗಳನ್ನು ಎಷ್ಟು ಸಲ ನೋಡಿದರೂ, ಬಂಡೆಯ ಅಂಚಿನಿಂದ ಧುಮುಕಿದ ಜಲಪಾತವು ನೆಲ ಮುಟ್ಟುವ ಮೊದಲೇ ತುಂತುರಾಗಿ ಕರಗಿಹೋಗುವಲ್ಲಿಯೇ ನನ್ನ ಕಣ್ಣು ನೆಡುತ್ತದೆ. ಬಂಡೆ ಗುರುತ್ವವನ್ನು ಮೀರಿ ನಿಂತರೂ ಅದರ ಮೇಲಿನ ನೀರು ಮಾತ್ರ ಕೆಳಗೇ ಹರಿಯುತ್ತದೆ. ಆ ಕಲ್ಪನೆಯನ್ನು ನಾನು ನಂಬುವುದು ಈ ಒಂದು ವಿವರದಿಂದಾಗಿ. ಬೆಟ್ಟಗಳ ಒಡಲಿನ ಖನಿಜವು ಅತಿವಾಹಕ, ಅಂದರೆ ವಿದ್ಯುತ್ತನ್ನು ತಡೆಯೇ ಇಲ್ಲದೆ ಹರಿಯಬಿಟ್ಟು ಕಾಂತಕ್ಷೇತ್ರವನ್ನು ಹೊರದೂಡುವ ವಸ್ತು, ಆದ್ದರಿಂದ ಪ್ರಬಲ ಕಾಂತಕ್ಷೇತ್ರವು ಅವನ್ನು ಎತ್ತಿ ಹಿಡಿದಿದೆ ಎಂಬುದು ಆ ಲೋಕದ ವಿವರಣೆ. 1911ರಲ್ಲಿ ಡಚ್ ಭೌತವಿಜ್ಞಾನಿ ಕಾಮರ್ಲಿಂಗ್ ಓನ್ಸ್ ಪಾದರಸದಲ್ಲಿ ಗುರುತಿಸಿದ ಅತಿವಾಹಕತೆಗೆ ಸುಮಾರು ಮೈನಸ್ 269 ಡಿಗ್ರಿ ಸೆಲ್ಸಿಯಸ್ ಶೈತ್ಯ ಬೇಕಾಗಿತ್ತು, ಪಂಡೋರಾದಲ್ಲಿ ಅದು ಕಾಡಿನ ಬೆಚ್ಚನೆಯ ಹವೆಯಲ್ಲೇ ಸಾಧ್ಯ. ಚೀನಾದ ಜಾಂಗ್‌ಜಿಯಾಜಿಯೆಯ ಮರಳುಗಲ್ಲಿನ ಕಂಬಗಳೂ ಬುಡಕ್ಕೆ ಮಂಜು ಕವಿದಾಗ ತೇಲಿದಂತೆ ಕಾಣುತ್ತವೆ. ಅವುಗಳಲ್ಲಿ ಒಂದಕ್ಕೆ 2010ರಲ್ಲಿ ಆ ಚಿತ್ರದ ಬೆಟ್ಟದ ಹೆಸರನ್ನೇ ಇಟ್ಟರು.