ಅಪ್ಪನ ತೋಟದ ಪುಸ್ತಕಕ್ಕೆ ಅದರದ್ದೇ ತಾರೀಕು: ಕೆಲಸ ಎಲ್ಲಿಗೆ ಬಂತು

ಕಾಸರಗೋಡು ಜಿಲ್ಲೆಯ ಬದಿಯಡ್ಕದ ಬಳಿಯ ನಮ್ಮ ಅಡಿಕೆ ತೋಟದ ಲೆಕ್ಕಪುಸ್ತಕಗಳನ್ನು ಎಐ ಸಹಾಯಕದ ನೆನಪಿಗೆ ಸೇರಿಸುವ ಕೆಲಸ ಈಗ ತಾರೀಕಿನ ಹಂತದಲ್ಲಿದೆ. 1960ರ ದಶಕದ ಕೊನೆಯಿಂದ ಅಪ್ಪ ಬರೆದಿಟ್ಟ ಪುಸ್ತಕಗಳಿವು: ಮದ್ದು ಬಿಟ್ಟ (ಸಿಂಪಡಿಸಿದ) ದಿನ, ಮೈಲುತುತ್ತಿನ ಕ್ರಯ, ನೀರಿಗಾಗಿ ಗುಡ್ಡಕ್ಕೆ ಅಡ್ಡಲಾಗಿ ಕೊರೆದ ಸುರಂಗ ಬತ್ತಿದ ದಿನ, ಅಡಿಕೆ ಕೊನೆ (ಗೊನೆ) ತೆಗೆದವರ ಸಂಬಳ. ಪುಟಗಳನ್ನು ಟೈಪು ಮಾಡಿ ಮುಗಿದಿದೆ. ಆ ಭಾಗದ ಬಗ್ಗೆ ಹೇಳುವಂಥದ್ದೇನೂ ಇಲ್ಲ, ಬೇಸರದ ಕೆಲಸ.

ಗೊಂದಲವಿರುವುದು ಮುಂದೆ. ನೆನಪಿನ ಸಂಗ್ರಹಕ್ಕೆ ಏನನ್ನಾದರೂ ಸೇರಿಸಿದಾಗ ತಂತ್ರಾಂಶ ತಾನಾಗಿಯೇ ಸೇರಿಸಿದ ಕ್ಷಣದ ಸಮಯವನ್ನು ಅದಕ್ಕೆ ಹಚ್ಚುತ್ತದೆ. ದಿನನಿತ್ಯದ ಮಾತುಕತೆಗೆ ಅದು ಸಾಕು. ಹಳೆಯ ಪುಸ್ತಕಗಳನ್ನು ಒಂದೇ ಸಂಜೆ ತುಂಬಿಸಿದರೆ ಮಾತ್ರ ಎಷ್ಟೋ ಮಳೆಗಾಲಗಳು ಅದೇ ಸಂಜೆ ಸುರಿದವೆಂದು ದಾಖಲಾಗುತ್ತದೆ. "ಕೊನೆಯ ಸಲ ಮದ್ದು ಬಿಟ್ಟದ್ದು ಯಾವಾಗ?" ಎಂದು ಕೇಳಿದರೆ 1974ರ ಪುಟವನ್ನು ಹಿಡಿದು "ಇತ್ತೀಚೆಗೆ" ಎನ್ನುತ್ತದೆ. ಮೈಲುತುತ್ತು, ಸುಣ್ಣ ಸೇರಿಸಿ ಮಾಡುವ ಶೇಕಡಾ ಒಂದರ ಬೋರ್ಡೋ ದ್ರಾವಣವನ್ನು ಮಳೆ ಹಿಡಿಯುವ ಮೊದಲೊಮ್ಮೆ, 40–45 ದಿನ ಕಳೆದು ಇನ್ನೊಮ್ಮೆ ಬಿಡಬೇಕಾದ ಅಡಿಕೆ ತೋಟದಲ್ಲಿ ಈ ಉತ್ತರವನ್ನು ನಂಬಿದವರಿಗೆ ಕೊಳೆರೋಗ ಖಾತ್ರಿ.

ಪಂಪಿನ ಪ್ರಕರಣ ಇನ್ನೂ ಸೂಕ್ಷ್ಮ. ಹಳೆಯ ಪುಸ್ತಕದಲ್ಲಿ ಮೂರು ಅಶ್ವಶಕ್ತಿಯ ಪಂಪು, ಆಮೇಲಿನದರಲ್ಲಿ ಐದರದ್ದು. ಹೊಸ ಸಂಗತಿ ಬಂದಾಗ ಹಳೆಯದನ್ನು ತಿದ್ದುವ ಸಂಗ್ರಹಗಳಿಗೆ ಹೊಸದೆಂದರೆ ಕೊನೆಗೆ ಬಂದದ್ದು. ಕೈಗೆ ಸಿಕ್ಕ ಕ್ರಮದಲ್ಲಿ ಪುಸ್ತಕ ಸೇರಿಸಿದರೆ ಮೂರರ ಪಂಪು ಐದರದ್ದನ್ನು ಅಳಿಸಿಬಿಡುತ್ತದೆ. ಹಾಗಾಗಿ ತಾರೀಕು ಹಚ್ಚುವುದರ ಜೊತೆಗೆ, ಎಲ್ಲ ನಮೂದುಗಳನ್ನೂ ಕಾಲಕ್ರಮದಲ್ಲಿ ಜೋಡಿಸಿಯೇ ಒಳಗೆ ಕಳುಹಿಸುತ್ತಿದ್ದೇನೆ. ಒಂದು ಮಾಡಿ ಇನ್ನೊಂದನ್ನು ಬಿಟ್ಟರೆ ಪ್ರಯೋಜನವಿಲ್ಲ ಎಂಬುದು ನನ್ನ ಅಭಿಪ್ರಾಯ.

ತಾರೀಕು ಹಚ್ಚುವ ವಿಧಾನ ಸರಳವೇ. ಎಐಗೆ ನೆನಪು ಒದಗಿಸುವ ಮೆಮ್‌ಝೀರೋದಂತಹ (Mem0) ಸೇವೆಯಲ್ಲಿ ನೆನಪನ್ನು ಸೇರಿಸುವಾಗ ಟೈಮ್‌ಸ್ಟ್ಯಾಂಪ್ ಎಂಬ ಅಂಕಿಯೊಂದನ್ನು ನಾವೇ ಕೊಡಬಹುದು. ಅದು ಯುನಿಕ್ಸ್ ಸಮಯ: 1970ರ ಜನವರಿ 1ರಿಂದ ಯುಟಿಸಿ (ಜಾಗತಿಕ ಪ್ರಮಾಣ ಸಮಯ) ಲೆಕ್ಕದಲ್ಲಿ ಕಳೆದ ಸೆಕೆಂಡುಗಳು. ಜಾವಾಸ್ಕ್ರಿಪ್ಟ್ ಎಂಬ ಪ್ರೋಗ್ರಾಮಿಂಗ್ ಭಾಷೆ ಬಳಸುವವರು ಇಲ್ಲಿ ಎಚ್ಚರವಾಗಿರಬೇಕು, ಅದು ಕೊಡುವುದು ಮಿಲಿಸೆಕೆಂಡು. ಮಿಲಿಸೆಕೆಂಡನ್ನು ಸೆಕೆಂಡೆಂದು ಓದಿದರೆ ಇವತ್ತಿನ ದಿನ ಐವತ್ತು ಸಾವಿರದಾಚೆಯ ಯಾವುದೋ ವರ್ಷಕ್ಕೆ ಹಾರುತ್ತದೆ. ಪೈಥಾನ್ ಭಾಷೆಯ ದಿನಾಂಕ 9999ನೇ ವರ್ಷದಲ್ಲೇ ನಿಲ್ಲುವುದರಿಂದ ಆ ದೋಷ ಅಲ್ಲೇ ಸಿಕ್ಕಿಬೀಳುತ್ತದೆ. ಕಷ್ಟವಿರುವುದು ಇದಕ್ಕೆ ವಿರುದ್ಧವಾದದ್ದರಲ್ಲಿ. ಸೆಕೆಂಡನ್ನು ಮಿಲಿಸೆಕೆಂಡೆಂದು ಓದಿದರೆ 1970ರಿಂದೀಚಿನ ನಮೂದುಗಳೆಲ್ಲ 1970ರ ಜನವರಿಯಲ್ಲಿ ಗುಂಪಾಗುತ್ತವೆ, ಯಾವ ತಂತ್ರಾಂಶವೂ ತಕರಾರು ಮಾಡುವುದಿಲ್ಲ. ಬೇರೆಯವರಿಗೆ ಆ ತಿಂಗಳು ಕಂಡೊಡನೆ ಸಂಶಯ ಬರುತ್ತದೆ. ನಮ್ಮ ಪುಸ್ತಕದಲ್ಲಿ ಅದು ನಿಜವಾಗಿಯೂ ಇರುವ ತಿಂಗಳು!

1970ಕ್ಕೆ ಹಿಂದಿನ ದಿನಗಳಿಗೆ ಋಣ ಸಂಖ್ಯೆ ಬೇಕು. ಪರೀಕ್ಷೆಗೆ ಆರಿಸಿಕೊಂಡದ್ದು 1956ರ ನವೆಂಬರ್ 1ನ್ನು. ಕಾಸರಗೋಡು ಕೇರಳಕ್ಕೆ ಸೇರಿದ ದಿನ ಅದು, ಇಲ್ಲಿನ ಕನ್ನಡಿಗರಿಗೆ ಆ ತಾರೀಕು ಯಾಕೆಂದು ವಿವರಿಸಬೇಕಾಗಿಲ್ಲ. ಆ ದಿನದ ಮಧ್ಯಾಹ್ನ, ಭಾರತದ ಸಮಯ 12 ಗಂಟೆಗೆ ಉತ್ತರ −415474200. ವಿಂಡೋಸ್‌ನಲ್ಲಿ ಪೈಥಾನ್‌ನ ಹಲವು ಆವೃತ್ತಿಗಳು ಋಣ ಸಂಖ್ಯೆಯನ್ನು ನೇರವಾಗಿ ದಿನಾಂಕಕ್ಕೆ ತಿರುಗಿಸಲು ಒಪ್ಪುವುದಿಲ್ಲ. 1970ರ ಆರಂಭಕ್ಕೆ ಅಷ್ಟು ಸೆಕೆಂಡು ಕೂಡಿಸಿ ಪಡೆಯಬೇಕು. ಮಧ್ಯಾಹ್ನವನ್ನೇ ಹಿಡಿದದ್ದಕ್ಕೆ ಕಾರಣವಿದೆ. ನಮ್ಮ ನಡುರಾತ್ರಿ ಯುಟಿಸಿಯಲ್ಲಿ ಹಿಂದಿನ ದಿನದ ಸಂಜೆ 6.30, ಅಂದರೆ ತಾರೀಕು ಒಂದು ದಿನ ಹಿಂದೆ ಸರಿಯುತ್ತದೆ. ಮಧ್ಯಾಹ್ನಕ್ಕೆ ಆ ಅಪಾಯವಿಲ್ಲ, ಅಲ್ಲಿ ಬೆಳಗ್ಗೆ 6.30 ಅಷ್ಟೆ.

ಅಪ್ಪನ ತಾರೀಕುಗಳು ಮಾತ್ರ ಯುನಿಕ್ಸ್‌ಗೆ ಇಷ್ಟು ಸುಲಭವಾಗಿ ಒಗ್ಗುವುದಿಲ್ಲ. ಬ್ಯಾಂಕಿನ ವ್ಯವಹಾರಕ್ಕೆ ಇಂಗ್ಲಿಷ್ ತಿಂಗಳು, ತೋಟದ ಕೆಲಸಕ್ಕೆ ಆಟಿ, ಸೋಣ, ಬೇಶ. ತುಳು ತಿಂಗಳು ಸಂಕ್ರಮಣದಿಂದ ಸಂಕ್ರಮಣಕ್ಕೆ ನಡೆಯುವುದರಿಂದ ಆಟಿ ಬರುವುದು ಜುಲೈ ನಡುವಿನಲ್ಲಿ. ಸಂಕ್ರಮಣ ಒಂದು ದಿನ ಆಚೀಚೆ ಆಗುವುದುಂಟು, ಆದ್ದರಿಂದ ಆಯಾ ವರ್ಷದ ಪಂಚಾಂಗವಿಲ್ಲದೆ ಸೂತ್ರ ಹಾಕಿ ಬಗೆಹರಿಸಲಾಗದು. "ಪತ್ತನಾಜೆಗೆ ಬುಡ ಬಿಡಿಸಿದ್ದು" ಎಂದಿದ್ದರೆ ನನಗೆ ಸಂತೋಷ, ಪತ್ತನಾಜೆ ಬೇಶದ ಹತ್ತಕ್ಕೇ ಬರುತ್ತದೆ. "ಆಟಿಯಲ್ಲಿ ಜೋರು ಮಳೆ, ಕೊಳೆ ಶುರು" ಎಂದಷ್ಟೇ ಇದ್ದರೆ ಯಾವ ದಿನವನ್ನು ಕೊಡಲಿ? ತಿಂಗಳ ನಡುವಿನ ದಿನವೊಂದನ್ನು ಟೈಮ್‌ಸ್ಟ್ಯಾಂಪ್‌ಗೆ ಕೊಟ್ಟು, ಮೆಟಾಡೇಟಾದಲ್ಲಿ (ನಮೂದಿನ ಜೊತೆಗಿಡುವ ವಿವರಗಳಲ್ಲಿ) "ನಿಖರತೆ: ತಿಂಗಳು" ಎಂದು ಬರೆಯುತ್ತಿದ್ದೇನೆ. ಅಪ್ಪ ಬರೆದ ಮಾತು ಹಾಗೆಯೇ ಒಂದು ಅಂಕಣದಲ್ಲಿ, ನಾನು ಸೇರಿಸಿದ ದಿನ ಇನ್ನೊಂದರಲ್ಲಿ. ಜಾಗ ಹೆಚ್ಚು ಬೇಕಾಗುತ್ತದೆ, ಬೇಕಾಗಲಿ. ಊಹಿಸಿದ ತಾರೀಕು ಬರೆದಿಟ್ಟ ತಾರೀಕಿನ ವೇಷದಲ್ಲಿ ಕುಳಿತರೆ ಮುಂದೆ ಯಾರಿಗೂ ಗುರುತು ಹತ್ತುವುದಿಲ್ಲ.

ಈಗ ಮದ್ದಿನ ಪ್ರಶ್ನೆಗೆ ಸರಿಯಾದ ವರ್ಷದ ಪುಟ ಬರುತ್ತಿದೆ. ತಿಂಗಳಷ್ಟೇ ಗೊತ್ತಿರುವಲ್ಲಿ ಉತ್ತರವೂ "ಆಟಿಯಲ್ಲಿ" ಎಂದೇ ಬರುವಂತೆ ಸೂಚನೆ ಸೇರಿಸಿದ್ದೇನೆ. ಬಾಕಿ ಇರುವುದು ವರ್ಷವೇ ಇಲ್ಲದ ಬಿಡಿ ಹಾಳೆಗಳು. "ಕುಂಬಳೆ ಬೆಡಿಯ ಮರುದಿನ ಪಂಪು ಕೆಟ್ಟಿತು" ಎಂದಿದೆ ಒಂದರಲ್ಲಿ; ಬೆಡಿ ಎಂದರೆ ಕುಂಬಳೆ ದೇವಸ್ಥಾನದ ಜಾತ್ರೆಯ ಸಿಡಿಮದ್ದು. ಮೂರರ ಪಂಪೋ ಐದರದ್ದೋ ಎಂದು ಅಪ್ಪನನ್ನು ಕೇಳಿದರೆ ವರ್ಷವನ್ನು ಒಂದಿಷ್ಟು ಕಿರಿದುಮಾಡಬಹುದು. ಅದು ಗೊತ್ತಾಗುವವರೆಗೆ ಆ ಹಾಳೆಗಳು ಸಂಗ್ರಹದ ಹೊರಗೇ ಇರುತ್ತವೆ.