ಸೆಟ್ ಹಾಕುವ ಮುಂಚೆ ಕಿಟಕಿ ಎಲ್ಲಿ ಅಂತ ಕೇಳಿ

ಸಿನಿಮಾಗೆ ಸೆಟ್ ಕಟ್ಟುವ ನಮ್ಮ ಆರ್ಟ್ ಡಿಪಾರ್ಟ್‌ಮೆಂಟಿಗೆ ಹೊಸದಾಗಿ ಸೇರುವ ಹುಡುಗರು ಮೊಬೈಲ್ ತುಂಬಾ ಫೋಟೋ ತರುತ್ತಾರೆ. ಕೆತ್ತನೆ ಬಾಗಿಲು, ಹಳೇ ಕುರ್ಚಿ, ಹಿತ್ತಾಳೆ ದೀಪ. ಚೆನ್ನಾಗೇ ಇರುತ್ತವೆ. "ಸರಿನಪ್ಪಾ, ಈ ರೂಮಿಗೆ ಬೆಳಕು ಎಲ್ಲಿಂದ ಬರುತ್ತೆ?" ಅಂದರೆ ಮುಖ ಮುಖ ನೋಡುತ್ತಾರೆ. ಸಾಮಾನು ಜೋಡಿಸುವುದೇ ನಮ್ಮ ಕೆಲಸ ಅಂತ ಹೊರಗಿನವರು ಅಂದುಕೊಂಡರೆ ಬೇಜಾರಿಲ್ಲ, ಒಳಗಿದ್ದವರೂ ಹಾಗೇ ಅಂದುಕೊಂಡರೆ ಕಷ್ಟ.

ಇವರಿಗೆಲ್ಲ ನಾನು ಹೇಳುವುದು ಬನ್ಸಿ ಚಂದ್ರಗುಪ್ತ ಅವರ ಕಥೆ. ಕಾಶ್ಮೀರದಲ್ಲಿ ಬೆಳೆದು ಕಲ್ಕತ್ತಾಗೆ ಹೋದವರು, ಬಂಗಾಳಿ ನಿರ್ದೇಶಕ ಸತ್ಯಜಿತ್ ರೇ ಅವರ ಕಲಾ ನಿರ್ದೇಶಕರು. ರೇ ಅವರ 1956ರ ಸಿನಿಮಾ 'ಅಪರಾಜಿತೋ'ಗೆ ಕಾಶಿಯ ಒಂದು ಮನೆ ಬೇಕಿತ್ತು. ನಮ್ಮ ತೊಟ್ಟಿ ಮನೆ ಥರಾನೇ, ನಡುವೆ ಅಂಗಳ, ಮೇಲೆ ಆಕಾಶ. ಬಯಲಲ್ಲೇ ಸೆಟ್ ಹಾಕುವ ಪ್ಲಾನ್ ಇತ್ತು, ಆದರೆ ಮಳೆಗಾಲದ ಭಯಕ್ಕೆ ಸ್ಟುಡಿಯೋ ಒಳಗೆ ಕಟ್ಟಬೇಕಾಯಿತು. ಅಂಥ ಅಂಗಳದಲ್ಲಿ ಬೆಳಕು ಮೇಲಿಂದ ಮೆತ್ತಗೆ ಇಳಿಯುತ್ತದೆ, ನೆರಳು ಗಟ್ಟಿಯಾಗಿ ಬೀಳುವುದೇ ಇಲ್ಲ. ಸ್ಟುಡಿಯೋ ಲೈಟಲ್ಲಿ ಅದು ಆಗಲ್ಲ ಅಂತ ಕ್ಯಾಮೆರಾಮನ್ ಸುಬ್ರತ ಮಿತ್ರ ವಾದ ಮಾಡಿದರು. ಕೊನೆಗೆ ಅವರೇ ಸೆಟ್ಟಿನ ನೆತ್ತಿಗೆ ಬಿಳಿ ಬಟ್ಟೆ ಬಿಗಿದು, ಕೆಳಗಿಂದ ಲೈಟ್ ಹೊಡೆದು, ಬಟ್ಟೆಗೆ ತಗುಲಿ ವಾಪಸ್ ಬಂದ ಬೆಳಕಲ್ಲಿ ಚಿತ್ರೀಕರಿಸಿದರು. ಸಿನಿಮಾ ನೋಡಿ, ಅದು ಸೆಟ್ ಅಂತ ಹೇಳಿದರೂ ನಂಬಿಕೆ ಬರುವುದಿಲ್ಲ. ಗೋಡೆ ಎಷ್ಟೇ ಚೆನ್ನಾಗಿದ್ದರೂ ಆ ಬಟ್ಟೆ ಇಲ್ಲದಿದ್ದರೆ ಪ್ಲೈವುಡ್ಡೇ ಕಾಣುತ್ತಿತ್ತು, ಅಲ್ವಾ?

ಅದಕ್ಕೇ ನಾನು ಫ್ಲೋರ್ ಪ್ಲಾನ್ ಗೀಚುವಾಗ ಮೊದಲು ಕಿಟಕಿ ಹಾಕುತ್ತೇನೆ, ಆಮೇಲೆ ಬಾಗಿಲು, ಆಮೇಲೆ ಯಾವ ಗೋಡೆ ಕಳಚಿ ತೆಗೆಯುವ ಹಾಗಿರಬೇಕು ಅನ್ನೋದು, ಯಾಕೆಂದರೆ ಹತ್ತಡಿ ರೂಮಲ್ಲಿ ಕ್ಯಾಮೆರಾ ಹಿಂದೆ ಸರಿಯಲು ಜಾಗ ಎಲ್ಲಿರುತ್ತದೆ? ಬಣ್ಣಕ್ಕೂ ಇದೇ ಲೆಕ್ಕ. ಅಚ್ಚ ಬಿಳಿ ಗೋಡೆ ಲೈಟ್ ಬಿದ್ದ ಕೂಡಲೇ ಕಣ್ಣಿಗೆ ಹೊಡೆಯುತ್ತದೆ, ನಟರ ಮುಖ ಮಂಕಾಗುತ್ತದೆ, ಸ್ವಲ್ಪ ಕೊಳೆ ಬೆರೆಸಿಯೇ ಹಚ್ಚಿಸಬೇಕು. ಇನ್ನು ಹಳೇ ಮನೆ ಅಂದ ತಕ್ಷಣ ಪೇಂಟರುಗಳು ಗೋಡೆಗೆಲ್ಲ ಒಂದೇ ಸಮ ಕಂದು ನೀರು ಎರಚಿಬಿಡುತ್ತಾರೆ. ನಿಮ್ಮ ಮನೆ ಗೋಡೆ ನೋಡಿ. ಸ್ವಿಚ್‌ಬೋರ್ಡ್ ಸುತ್ತ ಕೈಗುರುತು, ತಲೆ ಒರಗುವ ಕಡೆ ಎಣ್ಣೆ ಜಿಡ್ಡು, ದೇವರ ಗೂಡಿನ ಮೇಲೆ ಹೊಗೆ. ಬಾಕಿ ಜಾಗ ಚೊಕ್ಕವಾಗೇ ಇರುತ್ತದೆ.

ದುಡ್ಡಿನ ವಿಷಯದಲ್ಲಿ ನಿರ್ಮಾಪಕರು ಮೊದಲು ಕತ್ತರಿ ಹಾಕುವುದು ಕಿಟಕಿಯಾಚೆಗಿನ ಗಿಡ, ಪಕ್ಕದ ಮನೆ ಗೋಡೆಗೆ. "ಫ್ರೇಮಲ್ಲಿ ಬರಲ್ಲ ಬಿಡಿ" ಅಂತಾರೆ. ಅಲ್ಲಿ ಮಾತ್ರ ಜಗಳ ಆಡಿ. ಬೇಕಾದರೆ ಒಂದು ಶೋಕೇಸ್ ಬಿಟ್ಟುಕೊಡಿ. ಕ್ಯಾಮೆರಾಮನ್ ಪ್ಲಾನ್ ನೋಡಲು ಬಿಡುವಿಲ್ಲ ಅಂದರೆ ಫೋನಲ್ಲಾದರೂ ಹಿಡಿಯಿರಿ: ಹಗಲು ಸೀನ್ ಎಷ್ಟು, ರಾತ್ರಿ ಎಷ್ಟು, ಬಿಸಿಲು ಯಾವ ಕಡೆಯಿಂದ. ಇಷ್ಟು ಗೊತ್ತಾದ ಮೇಲೆ ಕಾರ್ಪೆಂಟರನ್ನು ಕರೆಯಿರಿ.