‘ಅಪ್ಪ ದೂರ ಹೋಗಿದ್ದಾರೆ’ ಎನ್ನಬೇಡಿ

ನಮ್ಮ ಉಡುಪಿ, ಮಂಗಳೂರಿನ ಕಡೆ ಅಪ್ಪ ದುಬೈಯಲ್ಲೋ ಮುಂಬೈಯಲ್ಲೋ ಇರುವ ಮನೆಗಳು ಎಷ್ಟೋ. ದೂರ ಹೋದ ಅಪ್ಪ ರಜೆ ಸಿಕ್ಕಾಗ ಬಂದೇ ಬರುತ್ತಾರೆ ಎಂಬುದು ಇಲ್ಲಿನ ಮಕ್ಕಳಿಗೆ ಗೊತ್ತು. ಅಂಥ ಮಗುವಿಗೆ, ತೀರಿಹೋದ ಅಪ್ಪ ‘ದೂರ ಹೋಗಿದ್ದಾರೆ’ ಎಂದರೆ ಅದು ಕಾಯುತ್ತಾ ಕೂರುತ್ತದೆ. ‘ಮಲಗಿದ್ದಾರೆ’ ಎಂದರೆ ರಾತ್ರಿ ತಾನು ಮಲಗಲು ಹೆದರುತ್ತದೆ.

ಹೇಳಬೇಕಾದವರು ಅಮ್ಮ, ಅವರಿಂದಾಗದಿದ್ದರೆ ಮಗು ಹಚ್ಚಿಕೊಂಡಿರುವ ಅಜ್ಜಿಯೋ ಮಾವನೋ. ಅದೇ ದಿನ, ಜನ ಸೇರುವ ಮೊದಲು, ಪಕ್ಕ ಕೂರಿಸಿಕೊಂಡು: ‘ಅಪ್ಪ ಸತ್ತುಹೋದರು. ಹೃದಯ ನಿಂತಿತು, ಡಾಕ್ಟರಿಗೂ ಸರಿಮಾಡಲು ಆಗಲಿಲ್ಲ. ಇನ್ನು ಅವರಿಗೆ ನೋವಿಲ್ಲ, ಹಸಿವಿಲ್ಲ. ವಾಪಸ್ ಬರುವುದಿಲ್ಲ.’ ಐದು ವರ್ಷದೊಳಗಿನ ಮಗು ಮರುದಿನವೂ ‘ಅಪ್ಪ ಯಾವಾಗ ಬರುತ್ತಾರೆ?’ ಎನ್ನುತ್ತದೆ. ಸಾವೆಂದರೆ ಮರಳದ್ದು ಎಂಬುದು ಆ ವಯಸ್ಸಿಗೆ ಒಮ್ಮೆಗೇ ಹತ್ತದು. ಹತ್ತು ಸಲ ಕೇಳಿದರೂ ಅದೇ ಉತ್ತರ ಕೊಡಿ. ಆರೇಳು ವರ್ಷದ್ದು ಏನೂ ಕೇಳದೆ, ‘ನಾನು ಹಟ ಮಾಡಿದ್ದಕ್ಕೇ ಹೀಗಾಯಿತು’ ಎಂದುಕೊಂಡಿರಬಹುದು. ‘ನಿನ್ನಿಂದ ಆದದ್ದಲ್ಲ’ ಎಂದು ನಾವೇ ಬಾಯಿಬಿಟ್ಟು ಹೇಳಬೇಕು. ಸುದ್ದಿ ಕೇಳಿದ ಐದೇ ನಿಮಿಷಕ್ಕೆ ಆಡಲು ಓಡಿದರೆ ಗದರಬೇಡಿ. ಮಕ್ಕಳಿಗೆ ದುಃಖ ಬಿಟ್ಟುಬಿಟ್ಟು ಬರುತ್ತದೆ.

ಕೊನೆಯ ಸಲ ಮುಖ ನೋಡಲು ಕರೆದೊಯ್ಯುವ ಮುನ್ನ ಏನೇನು ಕಾಣಿಸುತ್ತದೆಂದು ಹೇಳಿ: ಮೂಗಿಗೆ ಹತ್ತಿ, ತಣ್ಣಗಿನ ಮೈ, ಸುತ್ತ ಅಳುವವರು. ಬೇಡ ಎಂದರೆ ಬೇಡ. ಮಗುವಿಗೆಂದೇ ಒಬ್ಬರಿರಲಿ, ಎದ್ದು ಹೋಗೋಣ ಎಂದರೆ ಕೂಡಲೇ ಹೊರಡುವವರು. ಕೊಳ್ಳಿ ಇಟ್ಟ ಹುಡುಗನ ಬೆನ್ನು ತಟ್ಟಿ ‘ಇನ್ನು ಮನೆಗೆ ನೀನೇ ಯಜಮಾನ’ ಎನ್ನುವ ನೆಂಟರನ್ನಂತೂ ತಡೆಯಲೇಬೇಕು. ಹತ್ತು ವರ್ಷದವನು ಆ ಮಾತನ್ನು ನಂಬಿ ಅಳುವುದನ್ನೇ ನಿಲ್ಲಿಸಿಬಿಡುತ್ತಾನೆ.

ಬೊಜ್ಜ (ಉತ್ತರಕ್ರಿಯೆ) ಮುಗಿದು ನೆಂಟರು ಬಸ್ಸು ಹತ್ತಿದ ಮೇಲೆ ನಿಜವಾದ ಕಷ್ಟ. ಹಾಸಿಗೆ ಒದ್ದೆ, ಶಾಲೆಗೆ ಹೊರಡುವಾಗ ಹೊಟ್ಟೆನೋವು, ಅಮ್ಮ ಬಾವಿಕಟ್ಟೆಗೆ ಹೋದರೂ ಬೆನ್ನು ಬಿಡದಿರುವುದು, ಇವೆಲ್ಲ ಆಗುವಂಥದ್ದೇ. ಊಟ, ಸ್ನಾನ, ಮಲಗುವ ಹೊತ್ತು ಹಿಂದಿನಂತೆಯೇ ನಡೆಯಲಿ. ಟೀಚರಿಗೆ ಮೊದಲೇ ತಿಳಿಸಿ. ‘ಅಪ್ಪನ ಸಹಿ ಹಾಕಿಸಿಕೊಂಡು ಬಾ’ ಎಂಬ ಮಾತು ತರಗತಿಯಲ್ಲಿ ಬೀಳದಿರಲಿ. ತಿಂಗಳುಗಟ್ಟಲೆ ಇಳಿಯದಿದ್ದರೆ ಮಂಗಳೂರಿನ ವೆನ್ಲಾಕ್ ಸರಕಾರಿ ಆಸ್ಪತ್ರೆಯಲ್ಲೋ ಮಣಿಪಾಲದಲ್ಲೋ ಮನೋವೈದ್ಯರಿಗೆ ತೋರಿಸಿ. ಸರಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮನಸ್ 14416ಕ್ಕೆ ಯಾವ ಹೊತ್ತಿನಲ್ಲೂ ಉಚಿತವಾಗಿ ಕರೆ ಮಾಡಬಹುದು, ಕನ್ನಡದಲ್ಲೇ ಮಾತಾಡಬಹುದು. ‘ನಾನೂ ಅಪ್ಪನ ಹತ್ತಿರ ಹೋಗ್ತೇನೆ’ ಎಂದರೆ ಮಾತ್ರ ಕಾಯಬೇಡಿ, ಅಂದೇ ಮಾತಾಡಿ.

ಬಟ್ಟೆಬರೆ ಯಾರಿಗೋ ಕೊಟ್ಟುಬಿಡುವ ಗಡಿಬಿಡಿಯಲ್ಲಿ ಒಂದು ಅಂಗಿ ತೆಗೆದಿಡಿ, ಒಗೆಯದೆ. ಅವರ ಫೋನನ್ನು ಇನ್ನೊಬ್ಬರ ಕೈಗೆ ಕೊಡುವ ಮುನ್ನ ವಾಯ್ಸ್ ಮೆಸೇಜುಗಳನ್ನು ಬೇರೆಡೆ ಉಳಿಸಿಕೊಳ್ಳಿ. ಮಗು ಅದನ್ನು ಕೇಳುವುದು ನಾಳೆಯೇ ಇರಬಹುದು, ಹತ್ತು ವರ್ಷದ ಮೇಲೂ ಇರಬಹುದು.